ಒನ್ಸೆ ಪೇಟೆಯ ವೇಗದ ಬಾಯಿ

ನನ್ನ ತಮ್ಮ ನಿಸಿಮ್ ಲನಿಯಾದೊಗೆ ಈಗ ಐವತ್ತೆರಡು ವರ್ಷ. ಹಗಲು ನನ್ನ ಜೊತೆ ಅಂಗಡಿಯಲ್ಲಿ ಪರದೆ ಬಟ್ಟೆ ಅಳೆಯುತ್ತಾನೆ. ಮೂವತ್ತು ವರ್ಷದಿಂದ ರ‍್ಯಾಪ್ ಹಾಡಿಕೊಂಡು ಬಂದಿದ್ದಾನೆ. ಎರಡೂ ನಿಂತೇ ಮಾಡುವ ಕೆಲಸ. ಮಂಡಿ ಸವೆದುಹೋಗಿದೆ.

ಬ್ಯೂನಸ್ ಐರಿಸ್‌ನಲ್ಲಿ ನಮ್ಮಂಥ, ಸಿರಿಯಾದ ಅಲೆಪ್ಪೊ ಕಡೆಯ ಯಹೂದಿಗಳನ್ನು ಜನ ಟರ್ಕಿಯವರು ಅನ್ನುತ್ತಾರೆ. ತಿದ್ದಿ ತಿದ್ದಿ ನಮಗೂ ಸಾಕಾಗಿದೆ. ನಿಸಿಮ್ ಅದನ್ನೇ ಹಾಡುಗಾರನ ಹೆಸರು ಮಾಡಿಕೊಂಡ: ಎಲ್ ತುರ್ಕೊ. ಇಪ್ಪತ್ತರ ಹರೆಯದಲ್ಲಿ ಚೌಕದಲ್ಲಿ ನಿಂತು ಹಾಡಿನ ಜಗಳಕ್ಕೆ ಇಳಿದನೆಂದರೆ, ಎದುರಾಳಿ ಬಾಯಿ ತೆರೆಯುವಷ್ಟರಲ್ಲಿ ಇವನು ಅವನ ಮೂರು ತಲೆಮಾರು ಜಾಲಾಡಿ ಮುಗಿಸಿರುತ್ತಿದ್ದ. ಅರಳು ಹುರಿದಂತೆ ಮಾತು. ಒನ್ಸೆ ಪೇಟೆಯಲ್ಲಿ ಇವನಷ್ಟು ವೇಗದ ಬಾಯಿ ಇನ್ನೊಂದಿರಲಿಲ್ಲ.

ಒಂದು ಬೇಸಿಗೆಯಲ್ಲಿ ಅವನ ಹಾಡು ರೇಡಿಯೋದಲ್ಲಿ ಬಂತು. ಬೇಸಿಗೆ ಮುಗಿಯಿತು, ಹಾಡೂ ಮುಗಿಯಿತು. ಆಮೇಲೆಲ್ಲ ನಮ್ಮವರ ಮದುವೆಗಳು, ಹದಿಮೂರು ತುಂಬಿದ ಹುಡುಗರ ಬಾರ್ ಮಿತ್ಸ್ವಾಗಳು. ಟೋಪಿ ಹಿಂದುಮುಂದಾಗಿ ಹಾಕಿಕೊಂಡು ಐವತ್ತರ ಗಂಡಸು ಕುಣಿಯುವುದನ್ನು ಹುಡುಗರು ಫೋನಿನಲ್ಲಿ ಹಿಡಿದು ನಗುತ್ತಿದ್ದರು. "ನಗಲಿ ಬಿಡಕ್ಕ, ಹೊಟ್ಟೆಪಾಡು," ಅನ್ನುತ್ತಿದ್ದ. ಮನೆಗೆ ಬಂದು ಕಾಲು ಬಿಸಿನೀರಿನಲ್ಲಿ ಇಟ್ಟುಕೊಂಡು ಕೂತರೆ ಮಾತೇ ಆಡುತ್ತಿರಲಿಲ್ಲ. ಅವನನ್ನು ನೋಡಿದರೆ ನನಗೂ ಸುಸ್ತಾಗುತ್ತಿತ್ತು.

ಅಮ್ಮ ಮಾತ್ರ ಎಲ್ಲ ಕಡೆಯೂ ಮುಂದಿನ ಸಾಲಿನಲ್ಲಿ. ಲತೀಫೆ ಅಂತ ಅವಳ ಹೆಸರು. ಒಂದು ಕಿವಿ ಪೂರ್ತಿ ಹೋಗಿತ್ತು, ಇನ್ನೊಂದು ಅಷ್ಟಕ್ಕಷ್ಟೆ. ನಾನು ಅವಳ ಬಲಗಡೆ ಕೂರಬೇಕು. ಪ್ರತಿ ಸಾಲಿಗೂ ನನ್ನ ತೋಳು ಜಗ್ಗುತ್ತಿದ್ದಳು.

"ಏನಂದ್ನೇ?"

ನಾನು ಕಿವಿಯಲ್ಲಿ ನಿಧಾನವಾಗಿ ತಿರುಗಿ ಹೇಳುತ್ತಿದ್ದೆ. ಪೋಲಿ ಮಾತು ಬಂದರೆ ಹಾರಿಸಿಬಿಡುತ್ತಿದ್ದೆ. ಮರುದಿನ ಕಾಫಿ ಕುಡಿಯುವಾಗ ಅಮ್ಮ ಅವನಿಗೆ ಅವನದೇ ಸಾಲು ಹೇಳಿ ತೋರಿಸುತ್ತಿದ್ದಳು. ಇವನು ಹಿರಿಹಿರಿ ಹಿಗ್ಗುತ್ತಿದ್ದ. "ನೋಡಕ್ಕ, ಅಮ್ಮಂಗೆ ಒಂದಕ್ಷರಾನೂ ತಪ್ಪಲ್ಲ!" ಅಮ್ಮ ನನ್ನ ಕಡೆ ನೋಡದೆ ಬಟ್ಟಲಿಗೆ ಸಕ್ಕರೆ ಹಾಕಿಕೊಳ್ಳುತ್ತಿದ್ದಳು.

ಹೋದ ಏಪ್ರಿಲ್‌ನಲ್ಲಿ ಅಮ್ಮ ತೀರಿಕೊಂಡಳು. ಹೆತ್ತವರು ಹೋದರೆ ನಮ್ಮಲ್ಲಿ ಒಂದು ವರ್ಷ ಹಾಡು ಕುಣಿತ ಇಲ್ಲ. ಹಾಡೇ ಕಸುಬಾದವನಿಗೆ ವಿನಾಯಿತಿ ಉಂಟು ಎಂದು ರಬ್ಬಿ ಹೇಳಿ ಕಳಿಸಿದರು. ನಿಸಿಮ್ ಬೇಡ ಅಂದ. "ಬಾಯಿಗೆ ಒಂದು ವರ್ಷ ರಜೆ," ಎಂದು ಮೈಕನ್ನು ಮಂಚದ ಕೆಳಗೆ ತಳ್ಳಿದ. ನಿಜ ಹೇಳಬೇಕೆಂದರೆ ಅವನಿಗೆ ಹಾಯೆನಿಸಿತ್ತು.

ಆದರೆ ಬಾಯಿಗೆ ಪೂರ್ತಿ ರಜೆ ಎಲ್ಲಿ? ಮಗನಾದವನು ತಾಯಿಗಾಗಿ ಹನ್ನೊಂದು ತಿಂಗಳು ದಿನಾ ಸಿನಗಾಗ್‌ಗೆ ಹೋಗಿ ಸತ್ತವರಿಗಾಗಿ ಮಾಡುವ ಕದ್ದೀಷ್ ಪ್ರಾರ್ಥನೆ ಹೇಳಬೇಕು. ಹತ್ತು ಗಂಡಸರು ಇರಬೇಕು. ನಡುನಡುವೆ ಉಳಿದವರು ಆಮೆನ್ ಅನ್ನಬೇಕು. ಆ ಆಮೆನ್ ಬೀಳದಿದ್ದರೆ ಹೇಳಿದ್ದು ಹೇಳಿದಂತಲ್ಲ.

ನಮ್ಮ ಸಣ್ಣ ಸಿನಗಾಗ್‌ನಲ್ಲಿ ಇವನೂ ಸೇರಿ ಹತ್ತೇ ಜನ, ಹೆಚ್ಚಿನವರು ಕೋಲು ಊರುವವರು. ಎರಡು ತಿಂಗಳಾದ ಮೇಲೆ ಅವರಲ್ಲಿ ಹಿರಿಯರಾದ ದೋನ್ ಸೆಲಿಮ್ ಅಂಗಡಿಗೇ ಬಂದರು.

"ನಿನ್ನ ತಮ್ಮಂಗೆ ಸ್ವಲ್ಪ ಹೇಳಮ್ಮ. ನಾವು ಮೊದಲನೇ ಆಮೆನ್‌ಗೆ ಬಾಯಿ ತೆಗೆಯೋ ಹೊತ್ತಿಗೆ ಅವನು ಮುಗಿಸಿ ಕೂತಿರ್ತಾನೆ. ಬಸ್ಸಿನ ಹಿಂದೆ ಓಡ್ದಂಗೆ ಓಡೋಕೆ ನಂಗೇನು ಇಪ್ಪತ್ತು ವರ್ಷವಾ? ಎಂಬತ್ನಾಲ್ಕು!"

ಶನಿವಾರ ಹೋಗಿ ಹೆಂಗಸರ ಮಹಡಿಯಲ್ಲಿ ಕೂತು ಕೇಳಿದೆ. ದೋನ್ ಸೆಲಿಮ್ ಹೇಳಿದ್ದು ಸುಳ್ಳಲ್ಲ. ಚೌಕದಲ್ಲಿ ಜಗಳಕ್ಕೆ ನಿಂತವನ ಹಾಗೆ ಒಂದೇ ಉಸಿರಿಗೆ ಹೇಳಿ ಕೂತುಬಿಟ್ಟ. ಅಲ್ಲೊಂದು ಇಲ್ಲೊಂದು ಆಮೆನ್ ಬಿತ್ತು, ಅದೂ ಜಾಗ ತಪ್ಪಿ. ಎರಡು ತಿಂಗಳಿಂದ ಅಮ್ಮನಿಗೆ ಒಂದೂ ತಲುಪಿಲ್ಲವಲ್ಲ ಎಂದುಕೊಂಡೇ ಮಹಡಿ ಇಳಿದೆ.

ಭಾನುವಾರ ಮಧ್ಯಾಹ್ನ ನನ್ನ ಮನೆಗೆ ಊಟಕ್ಕೆ ಬಂದ. ಕಿಬ್ಬೆ ಬಡಿಸುತ್ತಲೇ ಶುರುಮಾಡಿದೆ.

"ನಿಧಾನ ಹೇಳಕ್ಕೇನೋ ನಿಂಗೆ ರೋಗ? ಅಮ್ಮಂಗೆ ಒಂದಾದ್ರೂ ನೆಟ್ಟಗೆ ಆಮೆನ್ ಬೇಡವಾ?"

"ಮೂವತ್ತು ವರ್ಷದ ಚಟ ಅಕ್ಕ. ಅಮ್ಮಂಗೆ ನನ್ನ ವೇಗ ಗೊತ್ತು. ಯಾರಿಗೆ ಅರ್ಥ ಆಗ್ದಿದ್ರೂ ಅವಳಿಗೆ ಆಗ್ತಿತ್ತು."

"ಆಗ್ತಿರಲಿಲ್ಲ ಕಣೋ! ಒಂದು ಪದಾನೂ ಆಗ್ತಿರಲಿಲ್ಲ. ಎಲ್ಲಾ ನಾನು ಕಿವೀಲಿ ಹೇಳ್ತಿದ್ದೆ."

ನಾಲಿಗೆ ಜಾರಿತು. ಅವನು ಕೈಯಲ್ಲಿದ್ದ ಕಿಬ್ಬೆಯನ್ನು ತಟ್ಟೆಯಲ್ಲಿಟ್ಟ.

"ಎಲ್ಲಾ ಹಾಡೂನಾ?"

"ಎಲ್ಲಾ. ಪೋಲಿ ಮಾತು ಬಿಟ್ಟು."

"ಅವೇ ಚೆನ್ನಾಗಿದ್ವು ಕಣಕ್ಕ," ಅಂದ. ನಗು ಬರಲಿಲ್ಲ, ಇಬ್ಬರಿಗೂ. ತಟ್ಟೆಯನ್ನು ಪಕ್ಕಕ್ಕೆ ಸರಿಸಿ ಕೇಳಿದ, "ನಿಧಾನ ಹಾಡು ಅಂತ ನಂಗೆ ಯಾಕೆ ಹೇಳ್ಲಿಲ್ಲ ಅವಳು?"

"ಒಂದ್ಸಲ ಹೇಳಿದ್ಲು. ಆಗ ನಿಂಗೆ ಇಪ್ಪತ್ತೆರಡು. ನೀನು ಮುಖ ಊದಿಸ್ಕೊಂಡು ಎರಡು ದಿನ ಊಟ ಬಿಟ್ಟೆ. ಆಮೇಲೆ ಅವಳು ಆ ಮಾತೇ ಎತ್ತಲಿಲ್ಲ."

ಅವನು ತುಂಬಾ ಹೊತ್ತು ಮೇಜಿನ ಬಟ್ಟೆಯ ಅಂಚನ್ನು ಮಡಿಸುತ್ತಾ, ಬಿಚ್ಚುತ್ತಾ ಕೂತಿದ್ದ. ಹೇಳಬಾರದಿತ್ತು ಅನ್ನಿಸಿತು. ಮೂವತ್ತು ವರ್ಷದ ದಣಿವಿನಲ್ಲಿ ಅವನಿಗೆ ಇದ್ದದ್ದು ಅದೊಂದೇ ಸಮಾಧಾನ. ಅದನ್ನೂ ನಾನು ಕಿತ್ತುಕೊಂಡಿದ್ದೆ.

"ನಿಧಾನ ಹೇಳಿದ್ರೆ ಅಳು ಬರುತ್ತಕ್ಕ," ಅಂದ ಕೊನೆಗೆ.

"ಬರಲಿ ಬಿಡೋ."

ಆ ವಾರವೆಲ್ಲ ಅಂಗಡಿಯಲ್ಲಿ ತಲೆ ತಗ್ಗಿಸಿ ಬಟ್ಟೆ ಅಳೆದ. ಮತ್ತೆ ಶನಿವಾರ ಬಂತು. ಮಹಡಿಯಲ್ಲಿ ನನ್ನ ಮಾಮೂಲಿ ಜಾಗದಲ್ಲಿ ಕೂತೆ. ಎಡಗಡೆ ಅಮ್ಮನ ಕುರ್ಚಿ. ಅಲ್ಲಿ ಯಾರೂ ಕೂರುವುದಿಲ್ಲ.

ಕೆಳಗೆ ನಿಸಿಮ್ ಎದ್ದು ನಿಂತ. ಮುಂದಿನ ಮೇಜನ್ನು ಎರಡೂ ಕೈಯಲ್ಲಿ ಹಿಡಿದುಕೊಂಡ. ಮೊದಲ ಮಾತು ಹೇಳಿದ, ನಿಂತ. ಎರಡನೆಯದು ಹೇಳಿದ, ನಿಂತ. ಮುದುಕರು ಆಮೆನ್ ಅಂದರು. ಎಲ್ಲರದೂ ಮುಗಿದ ಮೇಲೆ ದೋನ್ ಸೆಲಿಮ್ ಅವರದು ಕೆಮ್ಮಿನ ಜೊತೆ ಬಂತು, ಅಲ್ಲಿಯವರೆಗೂ ಕಾದ. ಅರ್ಧಕ್ಕೆ ಬಂದಾಗ ಅಳು ಬಂತು. ಯಾರೂ ಅವಸರ ಮಾಡಲಿಲ್ಲ. ಮೂಗು ಒರೆಸಿಕೊಂಡು ಮುಂದಿನ ಮಾತಿಗೆ ಹೋದ.

ನಾನು ಅಭ್ಯಾಸಬಲದಿಂದ ಎಡಕ್ಕೆ ಬಾಗಿದೆ, ತಿರುಗಿ ಹೇಳಲೆಂದು. ಕುರ್ಚಿಯ ಹತ್ತಿರ ಬಾಯಿ ಹೋದ ಮೇಲೆ ಎಚ್ಚರವಾಯಿತು. ತಿರುಗಿ ಹೇಳುವಂಥದ್ದು ಏನೂ ಇರಲಿಲ್ಲ. ಅಮ್ಮ ಇದ್ದಿದ್ದರೆ, ಅವಳ ಆ ಅರ್ಧ ಕಿವಿಗೇ ಪ್ರತಿಯೊಂದು ಮಾತೂ ಕೇಳಿಸುತ್ತಿತ್ತು.