ನೀರಾನೆಗೆ ಮಾತು ಕೊಟ್ಟ ದ್ಯಾವಮ್ಮ

ಗೆಂಡೆಹಳ್ಳಿಯ ದ್ಯಾವಮ್ಮನ ಬಾಳೆಲ್ಲ ಎಮ್ಮೆಗಳ ಜೊತೆಯಲ್ಲೇ ಕಳೆದಿತ್ತು. ಎಮ್ಮೆಯ ಮಾತನ್ನೂ ತಾನೇ ಆಡಿ, ತಾನೇ ಉತ್ತರ ಕೊಟ್ಟು ನಗುವುದು ಅವಳ ಅಭ್ಯಾಸ. ಹೋದ ವರ್ಷ ಮಹಿಳಾ ಸಂಘದವರ ಜೊತೆ ಮೊದಲ ಸಲ ಮೈಸೂರಿನ ಮೃಗಾಲಯಕ್ಕೆ ಹೋದಳು. ಎಲ್ಲರೂ ಹುಲಿ ನೋಡಲು ಓಡಿದರೆ, ದ್ಯಾವಮ್ಮ ನೀರಾನೆಯ ಕೊಳದ ಮುಂದೆ ಕೂತುಬಿಟ್ಟಳು. ಥೇಟ್ ಅವಳ ಎಮ್ಮೆಯಂತೆಯೇ ಅದು ಮೂಗಷ್ಟೇ ಮೇಲಿಟ್ಟು ಮಲಗಿತ್ತು.

ಕಾವಲುಗಾರ ಸೀಟಿ ಊದಿ ಜನರನ್ನು ಮುಂದೆ ಕಳಿಸತೊಡಗಿದ. ದ್ಯಾವಮ್ಮ ನೀರಾನೆಯ ದಪ್ಪ ದನಿ ಮಾಡಿಕೊಂಡು, "ನೋಡ್ರವ್ವ, ಈ ಜನ್ರನ್ನ ಬೆಳಿಗ್ಗೆ ಮೇಯಕ್ಕೆ ಬಿಡ್ತಾರೆ, ಸಂಜೆ ಹೊಡ್ಕೊಂಡು ಹೋಯ್ತಾರೆ. ಹಾಲು ಮಾತ್ರ ಒಂದ್ ತೊಟ್ಟೂ ಕೊಡಾಕಿಲ್ಲ!" ಎಂದಳು.

ಸುತ್ತ ನಿಂತವರು ಗೊಳ್ಳೆಂದು ನಕ್ಕರು. ನಗು ತಡೆಯಲಾರದೆ ಕಾವಲುಗಾರನ ಬಾಯಿಂದ ಸೀಟಿ ಜಾರಿತು. ಆಗಲೇ ನೀರಾನೆ ಇಷ್ಟಗಲ ಬಾಯಿ ತೆರೆಯಿತು.

"ದಿನಾ ಇದೇ ಮಂದೆ ನೋಡಿ ನೋಡಿ ಆಕಳಿಕೆ ಬತ್ತೈತೆ ಕಣ್ರೋ!" ಎಂದಳು ದ್ಯಾವಮ್ಮ.

ವಾಪಸು ಬರುವಾಗ ಸಂಘದ ಲತಾಮಣಿ, "ಅಜ್ಜಿ, ನೀವು ಹುಲಿ ನೋಡ್ಲೇ ಇಲ್ವಲ್ಲ?" ಎಂದು ಮರುಗಿದಳು.

"ನೀನು ನೋಡಿದ್ಯಲ್ಲ, ಹೆಂಗಿತ್ತು ಹೇಳು. ಅದು ನಿನ್ನ ನೋಡಿ ಏನಂತು ಅಂತ ನಾನು ಹೇಳ್ತೀನಿ."

ಹಾಸನ ದಾಟುವವರೆಗೂ ಹುಲಿ, ಕರಡಿ, ಜಿರಾಫೆಗಳೆಲ್ಲ ದ್ಯಾವಮ್ಮನ ಬಾಯಲ್ಲಿ ಬಸ್ಸಿನವರನ್ನು ಆಡಿಕೊಂಡವು. ಕೊನೆಗೆ, "ಕೋತಿ ನನ್ನ ಬಗ್ಗೆ ಏನಂತು?" ಎಂದು ಡ್ರೈವರೇ ಕೇಳಿದ.