ನೋಡದೆ ಹಾಕಿದ ಸಹಿ

ಭಟ್ಕಳದಿಂದ ಹೊನ್ನಾವರ ದಾಟಿ ಕುಮಟೆಗೆ ಹೋಗುವ ರಸ್ತೆಯಲ್ಲಿ, ಒಂದು ಸರಕಾರಿ ಕಚೇರಿಯ ಎದುರು ನನ್ನ ಚಹಾದಂಗಡಿ ಇತ್ತು. ಯಾವ ಊರು ಎಂದು ಹೇಳುವುದಿಲ್ಲ. ಅಲ್ಲಿ ಕೆಲಸ ಮಾಡಿದವರ ಮಕ್ಕಳು ಮೊಮ್ಮಕ್ಕಳು ಇನ್ನೂ ಅಲ್ಲೇ ಇದ್ದಾರೆ, ಈ ವಯಸ್ಸಿನಲ್ಲಿ ನನಗೆ ಜಗಳ ಬೇಡ. ಎಪ್ಪತ್ತರ ದಶಕ ಮುಗಿಯುತ್ತ ಬಂದ ಕಾಲ. ಮದುವೆಯಾಗಿರಲಿಲ್ಲ, ಒಡಹುಟ್ಟಿದವರಿಲ್ಲ, ಅಂಗಡಿಯ ಹಿಂದಿನ ಕೋಣೆಯೇ ಮನೆ. ನನ್ನದು ಮೊದಲಿನಿಂದಲೂ ಸಿಡುಕು ಸ್ವಭಾವ. ಗಿರಾಕಿಗಳು ಚಹಾ ಮುಗಿಸಿದ್ದೇ ಎದ್ದು ಹೋಗುತ್ತಿದ್ದರು.

ಕೂತು ಹರಟುತ್ತಿದ್ದವನು ಒಬ್ಬನೇ. ಅಘನಾಶಿನಿ ಕಡೆಯವನು, ನನ್ನ ಜೊತೆ ಶಾಲೆ ಕಲಿತವನು. ಅಪ್ಪನ ದೋಣಿ ಬಿಟ್ಟು ಹಳೆಯ ಲಾರಿಯೊಂದನ್ನು ಕೊಂಡು ತಾನೇ ಓಡಿಸುತ್ತಿದ್ದ. ಹೊಳೆಯ ಮರಳು, ಚಿರೆಕಲ್ಲು, ಸಿಕ್ಕಿದ್ದು ಸಾಗಿಸುತ್ತಿದ್ದ. ದಿನಾ ಬೆಳಿಗ್ಗೆ ಬಂದು ಎರಡು ಬನ್ಸ್ ತಿಂದು, ನನ್ನ ಸಿಡುಕನ್ನೇ ಗೇಲಿ ಮಾಡಿ ಹೋಗುತ್ತಿದ್ದ. ಅವನು ಬಾರದ ದಿನ ನನಗೆ ಯಾರ ಜೊತೆಗೂ ಮಾತೇ ಇರುತ್ತಿರಲಿಲ್ಲ.

ಎದುರಿನ ಕಚೇರಿಯವರಿಗೆ ನಾನು ಕಾಯಂ ಪಂಚ, ಅಂದರೆ ಸಾಕ್ಷಿ. ಸರಕಾರದ ಪಾಸ್ ಇಲ್ಲದೆ ಮರಳು, ಕಲ್ಲು ಸಾಗಿಸುವ ವಾಹನ ಹಿಡಿದರೆ ಹಿಡಿದ ಜಾಗದಲ್ಲೇ, ಇಬ್ಬರು ಪಂಚರ ಎದುರು, ಕಂಡದ್ದನ್ನು ಬರೆದು ಪಂಚನಾಮೆ ಮಾಡಬೇಕು. ಪಂಚರು ಓದಿ ಸಹಿ ಹಾಕಬೇಕು. ಬಿಸಿಲಲ್ಲಿ ಹೊಳೆ ದಂಡೆಗೆ ಹೋಗುವವರು ಯಾರು? ಗುಮಾಸ್ತ ಕುರ್ಚಿಯಲ್ಲೇ ಕೂತು ಬರೆದು, ರಸ್ತೆ ದಾಟಿ ಬಂದು ನನ್ನ ಮುಂದೆ ಕಾಗದ ಇಡುತ್ತಿದ್ದ. ನಾನು ಕೈ ಒರೆಸಿಕೊಂಡು ಸಹಿ ಹಾಕುತ್ತಿದ್ದೆ. ಸರಕಾರದವರಿಗೆ ನನ್ನ ಸಹಿ ಬೇಕಲ್ಲ ಎಂಬ ಜಂಬ ಬೇರೆ. ಥೂ, ನನ್ನ ಬುದ್ಧಿಗೆ!

ಒಂದು ಬೆಳಿಗ್ಗೆ ಅಂಗಡಿ ತುಂಬ ಜನ. ಗುಮಾಸ್ತ ಬಂದು ಕಾಗದ ಇಟ್ಟ. ಬಾಣಲೆಯ ಮೇಲಿನ ಕಣ್ಣು ತೆಗೆಯದೆ ಸಹಿ ಗೀಚಿದೆ. ಜನ ಕರಗಿದ ಮೇಲೆ ನೋಡಿದರೆ ಕಚೇರಿಯ ಅಂಗಳದಲ್ಲಿ ನನ್ನ ಗೆಳೆಯನ ಲಾರಿ ನಿಂತಿತ್ತು, ಮರಳಿನ ಸಮೇತ. ಅವನು ಕಾಣಲಿಲ್ಲ. ಓಡಿ ಹೋಗಿ ಕೇಳಿದೆ. ಪಾಸ್ ಇಲ್ಲದೆ ಮರಳು ಸಾಗಿಸಿದ್ದಾನೆ, ಪಂಚರೇ ಕಣ್ಣಾರೆ ಕಂಡಿದ್ದಾರೆ ಎಂದ ಗುಮಾಸ್ತ. ಕಣ್ಣಾರೆ ಕಂಡವನು ನಾನು!

ಆಗಲೇ ಸುಳ್ಳು ಎಂದು ಹೇಳಬಹುದಿತ್ತು. ಹೇಳಲಿಲ್ಲ. ಅವರು ಮನಸ್ಸು ಮಾಡಿದರೆ ನನ್ನ ಅಂಗಡಿ ಎತ್ತಿಸಲು ಎಷ್ಟು ಹೊತ್ತು? ಮಳೆಗಾಲವಿಡೀ ಲಾರಿ ಅಲ್ಲೇ ತುಕ್ಕು ಹಿಡಿಯಿತು. ಅವನು ಬೇರೆಯವರ ದೋಣಿಯಲ್ಲಿ ಕೂಲಿಗೆ ಹೋಗುತ್ತಿದ್ದಾನೆಂದು ಯಾರೋ ಹೇಳಿದರು. ಅಂಗಡಿಗೆ ಬರುವುದನ್ನು ಬಿಟ್ಟ. ಬೆಂಚು ಖಾಲಿ ಕಂಡರೆ ನನಗೆ ಅಳು ಬರುತ್ತಿತ್ತು, ಅದನ್ನು ಗಿರಾಕಿಗಳ ಮೇಲೆ ರೇಗಿ ತೀರಿಸಿಕೊಳ್ಳುತ್ತಿದ್ದೆ.

ಕೊನೆಗೆ ಕುಮಟೆಯಲ್ಲಿ ಪ್ರಾಂತ ಸಾಹೇಬರ ಎದುರು ವಿಚಾರಣೆ. ಅಸಿಸ್ಟಂಟ್ ಕಮಿಷನರನ್ನು ನಮ್ಮಲ್ಲಿ ಮುಂಬಯಿ ಕಾಲದ ಆ ಹೆಸರಿನಿಂದಲೇ ಕರೆಯುತ್ತಿದ್ದರು. ಗೆಳೆಯ ಮಡಚಿಟ್ಟ ಪಾಸ್ ತೆಗೆದು ಮೇಜಿನ ಮೇಲಿಟ್ಟ. ಅದೇ ದಿನದ ಪಾಸ್. ಅಂದು ತೋರಿಸಲು ಹೋದಾಗ ಯಾರೂ ಕೈಯಲ್ಲಿ ಹಿಡಿದೂ ನೋಡಲಿಲ್ಲ ಎಂದ. ಸಾಹೇಬರು ಪಂಚನಾಮೆ ಓದಿ, ಲಾರಿ ಹಿಡಿಯುವಾಗ ನಾನೆಲ್ಲಿದ್ದೆ ಎಂದು ಕೇಳಿದರು. ಗುಮಾಸ್ತ ನನ್ನನ್ನೇ ದಿಟ್ಟಿಸುತ್ತಿದ್ದ.

"ಅಂಗಡೀಲಿ ಬನ್ಸ್ ಕರೀತಿದ್ದೆ ಸಾಹೇಬ್ರೆ. ನಾ ಎಂತದೂ ನೋಡ್ಲಿಲ್ಲ," ಎಂದೆ.

ಲಾರಿ ಬಿಟ್ಟುಕೊಡಿ ಎಂದು ಅಲ್ಲೇ ಹುಕುಂ ಆಯಿತು. ಹೊರಗೆ ಬಂದಾಗ ಅವನು ನನ್ನ ಕೈ ಹಿಡಿಯುತ್ತಾನೆ, ಮೊದಲಿನಂತೆ ಏನಾದರೂ ಗೇಲಿ ಮಾಡುತ್ತಾನೆ ಎಂದುಕೊಂಡಿದ್ದೆ. ಅವನು ಪಾಸನ್ನು ಮತ್ತೆ ಮಡಚಿ ಜೇಬಿಗಿಟ್ಟ.

"ನೀ ನಿಜ ಹೇಳ್ದೆ, ಲಾರಿ ಬಂತು, ಆತು," ಎಂದ. "ಆದ್ರೆ ಅವತ್ತು ಗುಮಾಸ್ತನ ಬೆನ್ನಿಗೇ ನಾನೂ ರಸ್ತೆ ದಾಟಿ ಬಂದಿದ್ದೆ. ನಿನ್ನ ಅಂಗಡಿ ಬಾಗಿಲಲ್ಲೇ ನಿಂತಿದ್ದೆ. ನೀ ತಲೆ ಎತ್ತಿ ನೋಡ್ತೆ, ಎಂತ ಆತು ಅಂತ ಕೇಳ್ತೆ ಅಂದ್ಕಂಡು."

ಲಾರಿ ಬಿಡಿಸಿಕೊಳ್ಳಲು ಅವನು ಭಟ್ಕಳದ ಬಸ್ಸು ಹತ್ತಿದ. ನಾನೂ ಅದೇ ಬಸ್ಸಿಗೆ ಹೋಗಬೇಕಿತ್ತು. ಮುಂದಿನ ಬಸ್ಸಿಗೆ ಕಾದೆ.