ಸೀನಪ್ಪನ ಮನೆಗೆ ನಮ್ಮ ಮನೆಯ ಮಾತು

ನಾನು ಕಾಲಿಟ್ಟ ಕೂಡಲೇ ನಮ್ಮ ಮನೆಯಲ್ಲಿ ಮಾತು ನಿಂತುಹೋಗುತ್ತಿತ್ತು. ಭಯಕ್ಕೆ ಎಂದುಕೊಳ್ಳಬೇಡಿ. ನನ್ನನ್ನು ಕಂಡು ಹೆದರುವವರು ಜೋಗುಪಾಳ್ಯದಲ್ಲಿ ಯಾರೂ ಇಲ್ಲ. ನಮ್ಮ ಬೀದಿಯ ನಾಯಿ ಕೂಡ ನನಗಾಗಿ ಎದ್ದು ದಾರಿ ಬಿಡುವುದಿಲ್ಲ, ನಾನೇ ಸುತ್ತಿಕೊಂಡು ಹೋಗುತ್ತೇನೆ. ಮೆಟ್ಟಿಲು ಹತ್ತುವಾಗ ಒಳಗಿನಿಂದ ನಗು, ವಾದ, ಯಾರದೋ ಮದುವೆಯ ಊಟದ ವಿಮರ್ಶೆ ಎಲ್ಲ ಕೇಳಿಸುತ್ತಿತ್ತು. ಚಪ್ಪಲಿ ಬಿಟ್ಟು ಬಾಗಿಲು ತಳ್ಳಿದರೆ ಕುಕ್ಕರಿನ ಸದ್ದು ಮಾತ್ರ. ಇದಕ್ಕೆಲ್ಲ ಕಾರಣ ನನ್ನ ಕಸುಬು.

ನಾನು ಒಂದು ಕಾರ್ಟೂನ್ ಧಾರಾವಾಹಿಗೆ ಮಾತು ಬರೆಯುತ್ತೇನೆ. ಇಪ್ಪತ್ತೆರಡು ವರ್ಷದಿಂದ ನಡೆಯುತ್ತಿದೆ. ಮೊದಲು ಟೀವಿಯಲ್ಲಿ ಬರುತ್ತಿತ್ತು, ಈಗ ಜನ ಫೋನಿನಲ್ಲಿ ನೋಡುತ್ತಾರೆ. ಸೀನಪ್ಪ ಎಂಬ ಸೋಮಾರಿ ಗುಮಾಸ್ತ, ಅವನ ಹೆಂಡತಿ ವನಜಮ್ಮ, ನಾಲ್ಕನೇ ಕ್ಲಾಸಿನ ಮಗಳು ಚಿನ್ನಿ, ವನಜಮ್ಮನ ತಾಯಿ ಅಜ್ಜಿ. ಅಷ್ಟೇ ಸಂಸಾರ. ಸರ್ಕಾರಗಳು ಬಂದವು, ಹೋದವು, ಮೆಟ್ರೊ ಬಂತು, ಸೀನಪ್ಪನ ಹೊಟ್ಟೆ ಮಾತ್ರ ಒಂದು ಅಂಗುಲವೂ ಬೆಳೆಯಲಿಲ್ಲ. ಧಾರಾವಾಹಿ ಶುರುವಾದಾಗ ನನ್ನ ಮಗಳೂ ನಾಲ್ಕನೇ ಕ್ಲಾಸು. ಈಗ ಅವಳ ಮಗಳು ಯುಕೆಜಿ. ಇನ್ನು ಕೆಲವೇ ವರ್ಷದಲ್ಲಿ ಮೊಮ್ಮಗಳೂ ಚಿನ್ನಿಯನ್ನು ದಾಟಿ ಮುಂದೆ ಹೋಗುತ್ತಾಳೆ. ಚಿನ್ನಿ ಅದೇ ಎರಡು ಜಡೆ ಹಾಕಿಕೊಂಡು, ಅದೇ ಹೋಮ್‌ವರ್ಕ್ ಮಾಡದೆ ಕೂತಿರುತ್ತಾಳೆ.

ಬರೆಯುವವನಿಗೆ ಮಾತು ಆಕಾಶದಿಂದ ಉದುರುವುದಿಲ್ಲ. ನನ್ನ ಹೆಂಡತಿ ಸರಳಾ ಹುಟ್ಟಿ ಬೆಳೆದದ್ದು ಶಿವಾಜಿನಗರದಲ್ಲಿ. ಕನ್ನಡ, ತಮಿಳು, ದಖ್ಖನಿ ಉರ್ದು ಮೂರರಲ್ಲೂ ಜಗಳವಾಡಬಲ್ಲಳು. ಸೊಪ್ಪಿನವನಿಗೆ ಒಂದು, ನೀರು ಬಿಡುವವನಿಗೆ ಒಂದು, ನನಗೆ ಮೂರೂ. ಅವಳು ಬೆಳಿಗ್ಗೆ ಅಡುಗೆಮನೆಯಲ್ಲಿ ಆಡಿದ್ದು ಗುರುವಾರ ಕಂತು ಬರೆದು ಕೊಡುವುದರೊಳಗೆ ವನಜಮ್ಮನ ಬಾಯಿಗೆ ಬಂದಿರುತ್ತಿತ್ತು. ಮೊದಮೊದಲು ಅವಳಿಗೂ ಖುಷಿಯೇ. ಟೀವಿ ಮುಂದೆ ಕೂತು, ಇದು ನಾನು ಅಂದಿದ್ದು, ಇದೂ ನಾನು ಅಂದಿದ್ದು ಎಂದು ಬೆರಳು ಮಡಚುತ್ತಿದ್ದಳು. ಜನ ನನ್ನನ್ನು ಹೊಗಳಿದಾಗ ಮಾತ್ರ ಒಳಗೆ ಹೋಗಿ ಪಾತ್ರೆ ಸ್ವಲ್ಪ ಜೋರಾಗಿ ಇಡುತ್ತಿದ್ದಳು.

ನಮ್ಮ ಹಳೆಯ ನಾಟಕಗಳ ವಿದೂಷಕರು ನನಗಿಂತ ಬುದ್ಧಿವಂತರು ಎಂದು ನನಗೆ ಈಚೆಗೆ ಅನಿಸಿದೆ. ಅವರು ಹಾಸ್ಯ ಮಾಡಿದ್ದೆಲ್ಲ ರಾಜನ ಮನೆಯ ಬಗ್ಗೆ. ರಾಜನ ಪ್ರೇಮ, ರಾಜನ ರಾಣಿಯರು, ರಾಜನ ಅಡುಗೆಮನೆಯ ಮೋದಕ. ಸ್ವಂತ ಹೆಂಡತಿ ಇದ್ದರೂ ಅವಳನ್ನು ರಂಗದ ಮೇಲೆ ಕರೆತರುವುದು ಅಪರೂಪ. ಬೇರೆಯವರ ಸಂಸಾರವನ್ನು ಗೇಲಿ ಮಾಡಿ, ಹೊಟ್ಟೆ ತುಂಬ ತಿಂದು, ಮನೆಗೆ ಹೋಗಿ ನೆಮ್ಮದಿಯಾಗಿ ಮಲಗುತ್ತಿದ್ದರು. ಅಷ್ಟು ವಿವೇಕ ನನಗೆ ಇರಲಿಲ್ಲ. ರಾಜನೂ ಇರಲಿಲ್ಲ ಅನ್ನಿ.

ನಮ್ಮ ಅತ್ತೆಯವರು, ಅಂದರೆ ಸರಳಾಳ ತಾಯಿ, ನಾಲ್ಕು ವರ್ಷದಿಂದ ನಮ್ಮ ಜೊತೆಯಲ್ಲೇ ಇದ್ದಾರೆ. ಹೋದ ವರ್ಷದಿಂದ ಅವರಿಗೆ ಮರೆವು. ಒಂದು ಸಂಜೆ ಹಲಸೂರು ಮಾರ್ಕೆಟ್ಟಿನಿಂದ ಸ್ಕೂಟರಿನಲ್ಲಿ ವಾಪಸು ಬರುತ್ತಿದ್ದೆವು. ಸಿಗ್ನಲ್ಲಿನಲ್ಲಿ ನಿಂತಾಗ ಸರಳಾ ಹಿಂದಿನಿಂದ, ಅವತ್ತು ಬೆಳಿಗ್ಗೆ ಏನಾಯಿತು ಎಂದು ಹೇಳಿದಳು. ಅವಳು ಸಾರಿಗೆ ಒಗ್ಗರಣೆ ಹಾಕುತ್ತಿದ್ದಳಂತೆ. ಅತ್ತೆಯವರು ಬಂದು ಪಕ್ಕದಲ್ಲಿ ನಿಂತು, ಸ್ವಲ್ಪ ಹೊತ್ತು ನೋಡಿ, "ನೀವು ಯಾರ ಮನೆಯವರಮ್ಮ? ಎಷ್ಟು ಘಮ ಅಂತಿದೆ ಸಾರು. ನನ್ ಮಗಳಿಗೂ ಒಂದಿಷ್ಟು ಹೇಳ್ಕೊಡಿ, ಅವಳಿಗೆ ಏನೂ ಬರಲ್ಲ" ಎಂದರಂತೆ.

ಸಿಗ್ನಲ್ಲು ಹಸಿರಾದರೂ ನಾನು ಗಾಡಿ ಬಿಡಲಿಲ್ಲ. ಹಿಂದಿನವರು ಹಾರನ್ನು ಹೊಡೆದರು. ನಾನು ಕತ್ತು ತಿರುಗಿಸಿ, ಆಮೇಲೆ, ಆಮೇಲೆ ಎಂದು ಕೇಳಿದೆ. ಅವರು ಯಾವ ಪದ ಆಡಿದರು, ಇವಳು ಏನು ಉತ್ತರ ಕೊಟ್ಟಳು, ಎಲ್ಲ ಕೇಳಿದೆ. ಕಲಿಸ್ತೀನಿ ಅಮ್ಮ ಎಂದೆ, ಎಂದಳು ಸರಳಾ.

ನೀವು ಊಹಿಸಿದ್ದು ಸರಿ. ಎರಡು ವಾರಕ್ಕೆ ಅಜ್ಜಿ ವನಜಮ್ಮನಿಗೆ ಅದೇ ಮಾತು ಹೇಳಿದಳು, ವನಜಮ್ಮ ಅದೇ ಉತ್ತರ ಕೊಟ್ಟಳು. ಒಂದಕ್ಷರವನ್ನೂ ನಾನು ಕೆಡಿಸಿರಲಿಲ್ಲ. ಆ ತುಣುಕು ಊರೆಲ್ಲ ಸುತ್ತಿತು. ಸರಳಾಳ ದೊಡ್ಡಮ್ಮನ ಮಗಳು ರಿಚರ್ಡ್ಸ್ ಟೌನಿನಿಂದ ಅದನ್ನು ಇವಳಿಗೇ ಕಳಿಸಿದಳು, ಜೊತೆಗೆ ಹಲ್ಲು ಕಿರಿಯುವ ಹಳದಿ ಮುಖಗಳ ಒಂದು ಸಾಲು. ಮನೆಯಲ್ಲಿ ಎಲ್ಲರೂ ಕೂತು ನೋಡುವಾಗ ಅತ್ತೆಯವರೂ ನೋಡಿದರು. ಎಲ್ಲರಿಗಿಂತ ಹೆಚ್ಚು ನಕ್ಕವರು ಅವರೇ. ಪಾಪ, ಆ ಮುದುಕಿಗೆ ಮಗಳ ಗುರುತೇ ಇಲ್ಲ ನೋಡು ಎಂದು ಸರಳಾಳ ತೋಳು ಹಿಡಿದು ಅಲ್ಲಾಡಿಸಿದರು. ಸರಳಾ ಮೆತ್ತಗೆ ತೋಳು ಬಿಡಿಸಿಕೊಂಡು ಎದ್ದು ಒಳಗೆ ಹೋದಳು. (ಈ ಮಾತು ಹೇಗೂ ಊರ ಪಾಲಾಗಿದೆ, ಬರೆದುಕೊಳ್ಳಿ ಎಂದು ಅವಳೇ ಈಗ ಒಪ್ಪಿಗೆ ಕೊಟ್ಟಿದ್ದಾಳೆ. ಮುಂದೆ ಬರುವ ಅವಳ ಮಾತುಗಳನ್ನೂ ಕೇಳಿಯೇ ಬರೆದೆ.)

ಜಗಳವಾಗಿದ್ದರೆ ಚೆನ್ನಾಗಿತ್ತು. ಜಗಳ ನನಗೆ ಅಭ್ಯಾಸವಿದೆ, ಅದರಿಂದ ಎರಡು ಕಂತು ಕೂಡ ಹುಟ್ಟುತ್ತವೆ. ಸರಳಾ ಜಗಳವಾಡಲಿಲ್ಲ. ಬಳಸಿಕೊಳ್ಳಲು ಬಾರದ ಮಾತುಗಳನ್ನು ಮಾತ್ರ ಆಡತೊಡಗಿದಳು. ನೀರು ಬಂತು. ಹಾಲು ಉಕ್ಕುತ್ತಿದೆ. ಬಾಗಿಲು ಹಾಕಿ. ಈ ಮೂರು ವಾಕ್ಯದಲ್ಲಿ ಯಾರಾದರೂ ಹಾಸ್ಯ ತೆಗೆದು ತೋರಿಸಲಿ, ಅವರಿಗೆ ಕೈಮುಗಿಯುತ್ತೇನೆ. ನಾನು ಪ್ರಯತ್ನಿಸಿ ಸೋತವನು.

ಅವಳ ನಿಜವಾದ ಮಾತೆಲ್ಲ ಟೆರೇಸಿಗೆ ಹೋಯಿತು. ಮೇಲಿನ ಮನೆಯಲ್ಲಿ ಶಮೀಮ್ ಎಂಬಾಕೆ ಇದ್ದಾರೆ. ಅವರೂ ಶಿವಾಜಿನಗರದವರೇ, ಬ್ಲೌಸು ಹೊಲಿಯುತ್ತಾರೆ. ನಾನು ಬಟ್ಟೆ ತರುವ ನೆಪ ಮಾಡಿಕೊಂಡು ಮೇಲೆ ಹೋದರೆ ಇಬ್ಬರೂ ಕನ್ನಡ ಬಿಟ್ಟು ದಖ್ಖನಿಗೆ ಹೊರಳುತ್ತಿದ್ದರು. ತುಮಕೂರಿನ ಕಡೆಯವನಾದ ನನಗೆ ಅದರಲ್ಲಿ ತಿಳಿಯುವುದು ಎರಡೇ: ಹೌ ಅಂದರೆ ಹೌದು, ನಕ್ಕೊ ಅಂದರೆ ಬೇಡ. ಒಣಗಿದ ಟವಲನ್ನು ಮಡಚಿ, ಬಿಚ್ಚಿ, ಮತ್ತೆ ಮಡಚಿ ಹತ್ತು ನಿಮಿಷ ನಿಂತರೂ ನನ್ನ ಪಾಲಿಗೆ ಬಂದದ್ದು ನಾಲ್ಕು ಹೌ, ಹದಿನಾರು ನಕ್ಕೊ. ಆ ಹದಿನಾರೂ ನನ್ನ ಬಗ್ಗೆಯೇ ಇರಬೇಕು ಎಂದು ಸಂಕಟವಾಯಿತು.

ಕೂತಲ್ಲಿ ಕೂರಲಾಗದೆ ನಾನು ಮೆಟ್ರೊ ಹಿಡಿದೆ. ಎಲ್ಲಿಗೂ ಹೋಗಬೇಕಾಗಿರಲಿಲ್ಲ. ಹಲಸೂರಿನಲ್ಲಿ ಹತ್ತಿ ಕೆ.ಆರ್. ಪುರದಲ್ಲಿ ಇಳಿಯುವುದು, ಆ ಕಡೆ ಹೋಗಿ ವಾಪಸು ಹತ್ತುವುದು. ಊರಿನಲ್ಲಿ ಇಷ್ಟು ಸಂಸಾರಗಳಿವೆ, ಯಾವುದಾದರೊಂದು ನನ್ನ ಎದುರು ಕೂತು ಮಾತಾಡದೇ ಇರುತ್ತದೆಯೇ ಎಂಬ ಆಸೆ. ಯಾರೂ ಮಾತಾಡಲಿಲ್ಲ. ಗಂಡ ಹೆಂಡತಿ ಒಂದೊಂದು ಕಿವಿಗೆ ಒಂದೊಂದು ಬಿಳಿ ಬೀಜ ಸಿಕ್ಕಿಸಿಕೊಂಡು ತಮ್ಮ ತಮ್ಮ ಫೋನು ನೋಡುತ್ತಿದ್ದರು. ಮೂರನೇ ದಿನ ಒಬ್ಬ ಹೆಂಗಸು ಒಬ್ಬಳೇ ನಗುವುದು ಕಂಡು ಆಸೆಯಿಂದ ಪಕ್ಕಕ್ಕೆ ಸರಿದೆ. ಆಕೆಯ ಪರದೆಯ ಮೇಲೆ ವನಜಮ್ಮ ಸಾರಿಗೆ ಒಗ್ಗರಣೆ ಹಾಕುತ್ತಿದ್ದಳು. ನಾನು ಮುಂದಿನ ಸ್ಟೇಷನ್ನಿನಲ್ಲೇ ಇಳಿದುಬಿಟ್ಟೆ.

ನಮ್ಮ ಸ್ಟುಡಿಯೋ ಇರುವುದು ಇಂದಿರಾನಗರದಲ್ಲಿ, ಒಂದು ಕಾಲದಲ್ಲಿ ಯಾರದೋ ಮನೆಯಾಗಿದ್ದ ಬಂಗಲೆಯಲ್ಲಿ. ಧ್ವನಿ ಮುದ್ರಿಸುವುದು ಅವರ ದೇವರಮನೆಯಲ್ಲಿ, ಗೋಡೆಗೆ ಸ್ಪಂಜು ಅಂಟಿಸಿದ್ದಾರೆ. ಆರು ವಾರ ನಾನು ಸ್ವಂತ ತಲೆಯಿಂದಲೇ ಬರೆದೆ. ಆರನೇ ವಾರ ಅಲ್ಲಿನ ಪ್ರೊಡ್ಯೂಸರ್, ನನ್ನ ಮಗಳಿಗಿಂತ ಚಿಕ್ಕವಳು, ಹಾಳೆಗಳನ್ನು ಎರಡು ಸಲ ಓದಿ ಸಂಕೋಚದಿಂದ ಹೇಳಿದಳು: "ಸರ್, ಬೇಜಾರ್ ಮಾಡ್ಕೋಬೇಡಿ. ಸೀನಪ್ಪ ಸೂಪರ್. ವನಜಮ್ಮ ಮಾತ್ರ ಯಾರೋ ಬೇರೆಯವರ ಥರ ಮಾತಾಡ್ತಿದ್ದಾರೆ."

ಸೀನಪ್ಪ ಸೂಪರ್ ಎಂದದ್ದು ನನಗೆ ಚುಚ್ಚಿತು. ಇಪ್ಪತ್ತೆರಡು ವರ್ಷದಲ್ಲಿ ನನ್ನ ಸ್ವಂತದ್ದು ಅಂತ ಇದ್ದದ್ದು ಆ ಸೋಮಾರಿ ಒಬ್ಬನೇ.

ಮನೆಗೆ ಬಂದು ತಪ್ಪಾಯಿತು ಎಂದೆ. ಅಲ್ಲಿಗೆ ನಿಲ್ಲಿಸಬೇಕಿತ್ತು. ಬುದ್ಧಿಯಿಲ್ಲದೆ, ಇನ್ನು ಮುಂದೆ ಪ್ರತಿ ಕಂತನ್ನೂ ನಿನಗೆ ಮೊದಲು ಓದಿಸುತ್ತೇನೆ, ಬೇಡದ್ದಕ್ಕೆ ಗೀಟು ಎಳೆ, ಬೇಕಿದ್ದರೆ ಅಜ್ಜಿಯನ್ನು ವನಜಮ್ಮನ ಅತ್ತೆ ಮಾಡಿಬಿಡುತ್ತೇನೆ, ಯಾರಿಗೂ ಗುರುತು ಸಿಗುವುದಿಲ್ಲ ಎಂದು ಒಂದು ಒಪ್ಪಂದವನ್ನೇ ಮುಂದಿಟ್ಟೆ. ಸರಳಾ ನನ್ನನ್ನು ನೋಡಿ, ಹಾಲು ಉಕ್ಕುತ್ತಿದೆ ಎಂದಳು. ಒಲೆಯ ಮೇಲೆ ಹಾಲೇ ಇರಲಿಲ್ಲ.

ಇದಾಗಿ ಕೆಲವು ದಿನಕ್ಕೆ ಅವರೆಕಾಯಿ ಕಾಲ ಬಂತು. ಬೆಂಗಳೂರಿನವರಿಗೆ ಹೇಳಬೇಕಾಗಿಲ್ಲ, ನೆನೆಸಿದ ಅವರೆಕಾಳನ್ನು ಒಂದೊಂದಾಗಿ ಹಿತಕಿ ಸಿಪ್ಪೆಯಿಂದ ಬೇಳೆ ಬಿಡಿಸುವ ಕೆಲಸ ಒಬ್ಬರಿಂದ ಆಗುವುದಿಲ್ಲ, ಮನೆಮಂದಿಯೆಲ್ಲ ಕೂರಬೇಕು. ಸಿಟ್ಟಿಗೂ ಅದರಲ್ಲಿ ರಜೆ ಇಲ್ಲ. ಭಾನುವಾರ ಮಧ್ಯಾಹ್ನ ಟೆರೇಸಿನ ಬಿಸಿಲಿನಲ್ಲಿ ಒಂದು ದೊಡ್ಡ ಬೇಸಿನ್ನಿನ ಸುತ್ತ ಮೂವರೂ ಕೂತೆವು. ಅತ್ತೆಯವರ ಬೆರಳುಗಳಿಗೆ ಯಾವ ಮರೆವೂ ಇರಲಿಲ್ಲ. ನಾನು ಒಂದು ಹಿತಕುವಷ್ಟರಲ್ಲಿ ಅವರು ಐದು ಹಿತಕುತ್ತಿದ್ದರು, ನನ್ನ ಕಾಳು ಚಿಮ್ಮಿ ಎಲ್ಲೆಲ್ಲೋ ಬೀಳುತ್ತಿತ್ತು.

ಸರಳಾ ತಲೆ ಎತ್ತದೆ ಹೇಳಿದಳು. "ಅಮ್ಮನ್ ಮಾತು ಹಾಕಿದ್ರಿ ಅಂತ ನನಗೆ ಬೇಜಾರಿಲ್ಲ ರೀ. ಅಮ್ಮ ನಕ್ಕರು, ಅಷ್ಟು ನಕ್ಕು ಎಷ್ಟ್ ದಿನ ಆಗಿತ್ತೋ ಏನೋ."

ನಾನು ಚಿಮ್ಮಿಹೋದ ಕಾಳೊಂದನ್ನು ಹೆಕ್ಕಿ ಬೇಸಿನ್ನಿಗೆ ಹಾಕಿದೆ.

"ಅವತ್ತು ಸಿಗ್ನಲ್ ಹತ್ರ ನೀವು ತಿರುಗಿ ನೋಡಿದ್ರಿ. ಆಮೇಲೆ, ಆಮೇಲೆ ಅಂದ್ರಿ. ಮೂವತ್ಮೂರು ವರ್ಷಕ್ಕೆ ಇವರಿಗೆ ನನ್ ಮಾತು ಕೇಳೋಕ್ ಬಂತು ಅಂದ್ಕೊಂಡೆ. ಅದಕ್ಕೇ ಪೂರ್ತಿ ಹೇಳ್ದೆ. ಕೇಳ್ತಿದ್ದಿದ್ದು ನೀವಲ್ಲ, ಸೀನಪ್ಪನ ಮನೆಯವರು ಅಂತ ಆಮೇಲೆ ಗೊತ್ತಾಯ್ತು."

ಇದಕ್ಕೆ ಯಾವ ಸಂಭಾಷಣೆ ಬರೆಯಬೇಕು ಹೇಳಿ. ನಾಚಿಕೆಯಾಯಿತು. ಕೈಯಲ್ಲಿದ್ದ ಕಾಳನ್ನು ಹಿತಕಿದೆ, ಮತ್ತೊಂದು ಹಿತಕಿದೆ. ನಾನು ಎದ್ದು ಹೋಗದೆ ಕೂತದ್ದರಿಂದಲೋ, ಬೇಸಿನ್ನಿನಲ್ಲಿ ಇನ್ನೂ ಅರ್ಧ ಕಾಳು ಉಳಿದಿದ್ದರಿಂದಲೋ, ಸರಳಾ ತಾನಾಗಿ ಮಾತಿಗೆ ತೊಡಗಿದಳು. ತಾಯಿ ಹೇಗಿದ್ದರು, ಈಗ ಹೇಗಾಗುತ್ತಿದ್ದಾರೆ, ಯಾವ ದಿನ ತನಗೆ ಭಯವಾಗುತ್ತದೆ. ಎಲ್ಲ ಕನ್ನಡದಲ್ಲೇ. ನಡುವೆ ಅತ್ತೆಯವರು, ತಮ್ಮ ಬಗ್ಗೆಯೇ ಮಾತು ಎಂಬ ಅರಿವಿಲ್ಲದೆ, ತಲೆ ಎತ್ತಿ ನನ್ನ ಮುಖ ನೋಡಿ ಒಂದು ಮಾತು ಅಂದರು. ಸರಳಾ ಬಾಯಿಗೆ ಸೆರಗು ಒತ್ತಿಕೊಂಡು, ಕಣ್ಣಲ್ಲಿ ನೀರು ಬರುವ ತನಕ ನಕ್ಕಳು. ನನ್ನ ತಲೆಯಲ್ಲಿ ಆ ಕ್ಷಣವೇ ವನಜಮ್ಮ, ಅಜ್ಜಿ, ಸೀನಪ್ಪ ಮೂವರೂ ಎದ್ದು ತಮ್ಮ ತಮ್ಮ ಜಾಗದಲ್ಲಿ ನಿಂತುಬಿಟ್ಟರು. ಅವರನ್ನೆಲ್ಲ ಕೂರಿಸಲು ನಾನು ಪಟ್ಟ ಪಾಡು ನನಗೇ ಗೊತ್ತು.

ಆ ವಾರದ ಕಂತು ಸಪ್ಪೆಯಾಗಿತ್ತು ಎಂದು ಪ್ರೊಡ್ಯೂಸರ್ ಹೇಳಿದಳು, ನೋಡಿದವರೂ ಹೇಳಿದರು. ಹೌದು ಎಂದು ಒಪ್ಪಿಕೊಂಡೆ. ಅತ್ತೆಯವರು ಅವತ್ತು ಏನಂದರು ಎಂದು ನಿಮಗೂ ಕೇಳಬೇಕು ಅನಿಸುತ್ತಿರಬಹುದು. ಬಹಳ ಒಳ್ಳೆಯ ಮಾತು, ಇಪ್ಪತ್ತೆರಡು ವರ್ಷದಲ್ಲಿ ಅಂಥದ್ದು ನನ್ನ ಕೈಗೆ ಸಿಕ್ಕಿರಲಿಲ್ಲ. ಅದು ಸರಳಾ ನನಗೆ ಹೇಳಿಕೊಂಡ ಮಾತಿನ ನಡುವೆ ಬಂದದ್ದು. ಅಲ್ಲೇ ಇರಲಿ.